ಬಿಸಿಲ ಕೋಲು ಕಟ್ಟಿದ ಮೈಸೂರಿನ ಮೂರ್ತಿ

ಚಳಿಗಾಲದಲ್ಲಿ ಬೆಳಿಗ್ಗೆ ಬೇಗ ಮುಂಬೈಯ ಬೊರಿವಲಿಯಲ್ಲಿರುವ ಸಂಜಯ ಗಾಂಧಿ ರಾಷ್ಟ್ರೀಯ ಉದ್ಯಾನಕ್ಕೆ ಹೋದರೆ, ಮರಗಳ ಸಂದಿನಿಂದ ಬಿಸಿಲು ಕೋಲುಕೋಲಾಗಿ ಇಳಿಯುವುದನ್ನು ನೋಡಬಹುದು. ಹೊತ್ತೇರಿ ಮಂಜು ಕರಗಿದ ಮೇಲೆ ಬಿಸಿಲು ಇನ್ನೂ ಪ್ರಖರವಾಗುತ್ತದೆ, ಆದರೆ ಕೋಲುಗಳು ಕಾಣೆಯಾಗುತ್ತವೆ. ನಮ್ಮ ಪಕ್ಕದಲ್ಲೇ ಹಾದುಹೋಗುವ ಬೆಳಕು ನಮಗೆ ಕಾಣುವುದಿಲ್ಲ. ಅದು ದಾರಿಯಲ್ಲಿ ಹನಿಗೋ ದೂಳಿನ ಕಣಕ್ಕೋ ತಾಗಿ ಚದುರಬೇಕು, ಚದುರಿದ್ದರಲ್ಲಿ ಒಂದಿಷ್ಟು ಕಣ್ಣಿನತ್ತ ಬರಬೇಕು. ಇದೇ ಟಿಂಡಾಲ್ ಪರಿಣಾಮ.

ಇಂಥದೊಂದು ಕೋಲನ್ನು ಮುಂಬೈಯ ಸ್ಟುಡಿಯೊದೊಳಗೆ ಕಟ್ಟಿ ತೋರಿಸಿದವರು ಛಾಯಾಗ್ರಾಹಕ ವಿ.ಕೆ. ಮೂರ್ತಿ. 1923ರಲ್ಲಿ ಮೈಸೂರಿನಲ್ಲಿ ಹುಟ್ಟಿದ ಅವರು ಬೆಂಗಳೂರಿನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಮುಗಿಸಿ ಮುಂಬೈ ಸೇರಿದರು. 1952ರ ‘ಜಾಲ್’ನಿಂದ ನಿರ್ದೇಶಕ ಗುರುದತ್ತರ ಚಿತ್ರಗಳಿಗೆ ಅವರೇ ಕಣ್ಣಾದರು. 1959ರ ‘ಕಾಗಜ್ ಕೆ ಫೂಲ್’ ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಅದರ ಒಂದು ಹಾಡಿನಲ್ಲಿ, ಕತ್ತಲು ತುಂಬಿದ ಸ್ಟುಡಿಯೊದಲ್ಲಿ ನಾಯಕ, ನಾಯಕಿ ದೂರದೂರ ನಿಂತಿದ್ದಾರೆ. ಮೇಲಿನಿಂದ ಬಿಳಿಯ ಬೆಳಕಿನ ಕಂಬವೊಂದು ಓರೆಯಾಗಿ ಇಳಿದಿದೆ.

ಇಂಥ ಕಂಬವನ್ನು ದೀಪದಿಂದ ಕಟ್ಟುವುದು ಕಷ್ಟ: ಅದರಿಂದ ಹೊರಟ ಬೆಳಕು ಹರಡುತ್ತ ಹೋಗುತ್ತದೆ. ದೂರ ಇಮ್ಮಡಿಯಾದರೆ ತೀವ್ರತೆ ಕಾಲುಭಾಗಕ್ಕೆ ಇಳಿಯುತ್ತದೆ. ಸೂರ್ಯನಾದರೋ 15 ಕೋಟಿ ಕಿಲೋಮೀಟರ್ ಆಚೆ ಇದ್ದಾನೆ. ಇಲ್ಲಿಂದ ಅವನ ಅಗಲ ಬರೀ ಅರ್ಧ ಡಿಗ್ರಿ. ಹಾಗಾಗಿ ಅವನ ಕಿರಣಗಳು ಹೆಚ್ಚುಕಡಿಮೆ ಸಮಾನಾಂತರ. ಒಂದು ಮೀಟರ್ ಅಗಲದ ಕನ್ನಡಿಯಿಂದ ಹೊಮ್ಮಿದ ಬಿಸಿಲು 20 ಮೀಟರ್ ಸಾಗಿದರೂ ಇಪ್ಪತ್ತು ಸೆಂಟಿಮೀಟರಿನಷ್ಟೂ ಹಿಗ್ಗುವುದಿಲ್ಲ. ಮೂರ್ತಿ ಈ ಸೂರ್ಯನನ್ನೇ ಒಳಗೆ ಕರೆದರು. ಹೊರಗೊಂದು ದೊಡ್ಡ ಕನ್ನಡಿ ಬಿಸಿಲನ್ನು ಹಿಡಿದು ಒಳಗೆ ಎಸೆಯಿತು. ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿ ಅದನ್ನು ಕೆಳಕ್ಕೆ ತಿರುಗಿಸಿತು.

ಇದಕ್ಕೆ ಗಡಿಯಾರದ ಕಾಟವೂ ಉಂಟು. ಭೂಮಿ ನಾಲ್ಕು ನಿಮಿಷಕ್ಕೆ ಒಂದು ಡಿಗ್ರಿ ತಿರುಗುತ್ತದೆ. ಅಷ್ಟರಲ್ಲಿ, ಕದಲದ ಕನ್ನಡಿಯಿಂದ ಬಂದ ಬೆಳಕು 20 ಮೀಟರ್ ದೂರದಲ್ಲಿ ಒಂದಡಿಗೂ ಮೀರಿ ಸರಿದುಬಿಡಬಹುದು. ಕಂಬ ಕಣ್ಣಿಗೆ ಬೀಳಲು ಒಳಗಿನ ಗಾಳಿಯಲ್ಲಿ ಬೆಳಕನ್ನು ಚದುರಿಸುವ ಹೊಗೆಯೂ ಬೇಕು. ಅದು ಹೆಚ್ಚಾದರೆ ಇಡೀ ದೃಶ್ಯ ಮಂಕು. ಕಡಿಮೆಯಾದರೆ ಕಂಬವೇ ಇಲ್ಲ. ಹೊಗೆಯ ಕಣಗಳು ಬೆಳಕನ್ನು ಹೆಚ್ಚಾಗಿ ಮುಂದಕ್ಕೇ ಚದುರಿಸುವುದರಿಂದ, ಕಂಬ ಕ್ಯಾಮೆರಾದ ಕಡೆಗೆ ವಾಲಿದಷ್ಟೂ ಬೆಳಗುತ್ತದೆ.

ಆ ಚಿತ್ರ ಸೋತಿತು, ಛಾಯಾಗ್ರಹಣ ಗೆದ್ದಿತು: ಮೂರ್ತಿಯವರಿಗೆ ಫಿಲ್ಮ್‌ಫೇರ್ ಬಂತು. ಮುಂದೆ 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯೂ ಅವರದಾಯಿತು. ಛಾಯಾಗ್ರಾಹಕರೊಬ್ಬರಿಗೆ ಅದು ಸಂದದ್ದು ಅದೇ ಮೊದಲು. 2014ರಲ್ಲಿ ಅವರು ಬೆಂಗಳೂರಿನಲ್ಲಿ ತೀರಿಕೊಂಡರು. ನಮ್ಮ ಪ್ರೌಢಶಾಲೆಗಳಲ್ಲಿ ಪ್ರತಿಫಲನದ ಪಾಠ ಮಾಡುವ ಮೇಷ್ಟ್ರುಗಳು ಆ ಹಾಡನ್ನೊಮ್ಮೆ ತರಗತಿಯಲ್ಲಿ ತೋರಿಸಬೇಕು. ಭೌತವಿಜ್ಞಾನವನ್ನು ಚೆನ್ನಾಗಿ ಅರಿತವನ ಕೈಯಲ್ಲಿ ಎರಡು ಕನ್ನಡಿಗಳು ಏನು ಮಾಡಬಲ್ಲವು ಎಂಬುದಕ್ಕೆ ಅದಕ್ಕಿಂತ ಒಳ್ಳೆಯ ಉದಾಹರಣೆ ಬೇಕಿಲ್ಲ.