ಹಿಂದಕ್ಕೆ ಸರಿಯುವ ನದಿ

ಮೂವತ್ತೊಂದು ವರ್ಷಗಳ ಕಾಲ ನಾನು ಪ್ರೌಢಶಾಲೆಯಲ್ಲಿ ಭೂಗೋಳವನ್ನು ಬೋಧಿಸಿದವನು. ಆ ಅವಧಿಯಲ್ಲಿ ಕರಿಹಲಗೆಯ ಮೇಲೆ ಹಿಮನದಿಯ ಚಿತ್ರವನ್ನು ಎಷ್ಟು ಸಲ ಬರೆದೆನೋ ಲೆಕ್ಕವಿಲ್ಲ. ಎರಡು ಬೆಟ್ಟಗಳ ನಡುವೆ ಬಿಳಿಯ ಸೀಮೆಸುಣ್ಣದಿಂದ ಒಂದು ನಾಲಗೆ. ಅದರ ತುದಿಯಲ್ಲಿ ನಾಲ್ಕು ಚುಕ್ಕೆ. ಅವು ಹಿಮನದಿ ಹೊತ್ತು ತಂದ ಕಲ್ಲುಮಣ್ಣು. ಪಕ್ಕದಲ್ಲಿ 'ಉದಾ: ಗಂಗೋತ್ರಿ' ಎಂದು ಬರೆದರೆ ಪಾಠ ಮುಗಿಯಿತು. ಹಿಮನದಿಯನ್ನು ಮಾತ್ರ ನಾನು ಕಂಡವನಲ್ಲ. ಕಾಣದುದನ್ನು ಬೋಧಿಸುವುದು ನಮ್ಮ ವೃತ್ತಿಯಲ್ಲಿ ಅಪರಾಧವೇನೂ ಅಲ್ಲ. ಹಾಗಾಗಿದ್ದಲ್ಲಿ ಇತಿಹಾಸದ ಉಪಾಧ್ಯಾಯರ ಗತಿಯೇನು?

ಒಂದು ದಿನ ಒಂಬತ್ತನೆಯ ತರಗತಿಯ ಹುಡುಗಿಯೊಬ್ಬಳು ಎದ್ದುನಿಂತು ಕೇಳಿದಳು: "ಸಾರ್, ಹಿಮನದಿ ಯಾವಾಗಲೂ ಕೆಳಕ್ಕೇ ಹರಿಯುತ್ತದೆ ಅಂತ ಹೇಳಿದಿರಿ. ಪುಸ್ತಕದಲ್ಲಿ ಹಿಂದಕ್ಕೆ ಸರಿಯುತ್ತದೆ ಅಂತ ಇದೆ. ಕೆಳಕ್ಕೆ ಹರಿಯೋದು ಹಿಂದಕ್ಕೆ ಹೋಗೋದು ಹೇಗೆ ಸಾರ್?"

ಗಂಟೆ ಬಾರಿಸಲು ಇನ್ನೂ ಐದು ನಿಮಿಷವಿದ್ದಿತು. ಉತ್ತರ ನನ್ನಲ್ಲಿರಲಿಲ್ಲ. "ಅದು ಪರೀಕ್ಷೆಗೆ ಬರುವುದಿಲ್ಲ, ಕೂತುಕೋ" ಎಂದೆ. ತರಗತಿ ನಕ್ಕಿತು, ಆಕೆ ಕುಳಿತಳು. ಮುಂದೆ ಆ ವರ್ಷ ಆಕೆ ಮತ್ತೊಂದು ಪ್ರಶ್ನೆ ಕೇಳಿದುದು ನನಗೆ ನೆನಪಿಲ್ಲ.

2023ರ ಸೆಪ್ಟೆಂಬರಿನಲ್ಲಿ ನಾನು ಲಂಡನ್ನಿನಲ್ಲಿರುವ ಮಗಳ ಮನೆಯಲ್ಲಿದ್ದೆ. "ಅಪ್ಪಾ, ಜೀವಮಾನವೆಲ್ಲ ಭೂಗೋಳ ಹೇಳಿದಿರಿ. ಒಂದು ಸಲ ನೋಡಿಬಿಡಿ" ಎಂದು ಆಕೆ ನನ್ನನ್ನು ಐಸ್‌ಲೆಂಡಿಗೆ ಕರೆದುಕೊಂಡು ಹೋದಳು. ಉತ್ತರ ಅಟ್ಲಾಂಟಿಕ್ ಸಾಗರದ ಈ ದ್ವೀಪ ನಮ್ಮ ಕರ್ನಾಟಕದ ಅರ್ಧಕ್ಕಿಂತ ತುಸು ಹೆಚ್ಚು ವಿಸ್ತಾರವಾಗಿದೆ. ಜನಸಂಖ್ಯೆ ನಾಲ್ಕು ಲಕ್ಷಕ್ಕೂ ಕಡಿಮೆ. ನೆಲದ ಸುಮಾರು ಹತ್ತನೆಯ ಒಂದು ಪಾಲು ಹಿಮದ ಹೊದಿಕೆಯ ಕೆಳಗಿದೆ. ಆ ಹಿಮದ ಕೆಳಗೆ ಹಲವೆಡೆ ಅಗ್ನಿಪರ್ವತಗಳಿವೆ. ಭೂಮಿಯ ಎರಡು ಮಹಾಫಲಕಗಳು ಇಲ್ಲಿ ವರ್ಷಕ್ಕೆ ಸುಮಾರು ಎರಡು ಸೆಂಟಿಮೀಟರಿನಂತೆ ಒಂದನ್ನೊಂದು ಅಗಲುತ್ತಿವೆ. ಪಠ್ಯಪುಸ್ತಕದ ಒಂದು ಅಧ್ಯಾಯಕ್ಕೆ ಜೀವ ಬಂದು ಸಮುದ್ರದಲ್ಲಿ ಮಲಗಿದ್ದರೆ ಹೇಗಿರಬಹುದೋ ಹಾಗಿದೆ ಆ ದೇಶ.

ಬೆಳಿಗ್ಗೆ ಎಂಟು ಗಂಟೆಗೆ ರಾಜಧಾನಿ ರೇಕ್ಯಾವಿಕ್‌ನಿಂದ ನಮ್ಮ ಬಸ್ಸು ಹೊರಟಿತು. ಹದಿನೆಂಟು ಮಂದಿ ಪ್ರವಾಸಿಗಳು. ಜೊತೆಗೆ, ಬಸ್ಸನ್ನು ನಡೆಸುತ್ತಲೇ ಕಥೆ ಹೇಳುವ ನಡುವಯಸ್ಸಿನ ಮಾರ್ಗದರ್ಶಿನಿ. ಆಕೆ ಮೊದಲು ನಮಗೆ ಕಲಿಸಿದುದು ಮೂರು ಪದಗಳನ್ನು. 'ಫಾಸ್' ಎಂದರೆ ಜಲಪಾತ, 'ಯೋಕುಲ್' ಎಂದರೆ ಹಿಮನದಿ, 'ವೀಕ್' ಎಂದರೆ ಕೊಲ್ಲಿ. ರೇಕ್ಯಾವಿಕ್ ಎಂದರೆ ಹೊಗೆಯ ಕೊಲ್ಲಿಯಂತೆ. ಊರು ದಾಟಿ ಎತ್ತರದ ಬಯಲಿಗೆ ಏರಿದಾಗ ಆ ಹೆಸರಿನ ಅರ್ಥ ಕಣ್ಣಿಗೇ ಬಿದ್ದಿತು: ಪಾಚಿ ಹೊದ್ದ ಲಾವಾಶಿಲೆಯ ನಡುವಿನಿಂದ ಬಿಳಿಯ ಹಬೆ ಏಳುತ್ತಿದ್ದಿತು.

ಬಯಲಿನಿಂದ ಇಳಿದು ಪೂರ್ವಕ್ಕೆ ಸಾಗಿದರೆ ಹ್ವೋಲ್ಸ್‌ವೊಟ್ಲುರ್ ಎಂಬ ಸಣ್ಣ ಊರು. ಅಲ್ಲಿಂದ ಎಡಕ್ಕೆ ಹಸುರು ಇಳಿಜಾರೊಂದು ಕಾಣುತ್ತದೆ. ಹದಿಮೂರನೆಯ ಶತಮಾನದಲ್ಲಿ ರಚಿತವಾದ 'ನ್ಯಾಲನ ಸಾಗಾ' ಎಂಬ ಗದ್ಯಕಾವ್ಯದ ವೀರ ಗುನ್ನಾರ್ ಬಾಳಿದುದು ಆ ಇಳಿಜಾರಿನಲ್ಲಿ. ಕೊಲೆಯ ಪ್ರಾಯಶ್ಚಿತ್ತವಾಗಿ ಅವನಿಗೆ ಮೂರು ವರ್ಷಗಳ ದೇಶಭ್ರಷ್ಟತೆ ವಿಧಿಸಲ್ಪಟ್ಟಿತು. ಹಡಗಿನತ್ತ ಹೊರಟವನ ಕುದುರೆ ಮುಗ್ಗರಿಸಿತು. ಕೆಳಕ್ಕೆ ಹಾರಿದವನು ತಿರುಗಿ ತನ್ನ ಹೊಲಗಳನ್ನು ನೋಡಿದ. ಅವು ಹಿಂದೆಂದೂ ಅಷ್ಟು ಚೆಲುವಾಗಿ ಕಂಡಿರಲಿಲ್ಲ. ಅವನು ಹೋಗಲಿಲ್ಲ, ಉಳಿದ, ಶತ್ರುಗಳ ಕೈಯಲ್ಲಿ ಮಡಿದ. ಕಥೆ ಮುಗಿಸಿ ಮಾರ್ಗದರ್ಶಿನಿ, "ನಮ್ಮ ಸಾಹಿತ್ಯದಲ್ಲಿ ನೆಲವನ್ನು ತಿರುಗಿ ನೋಡುವುದು ಅಪಾಯದ ಕೆಲಸ" ಎಂದು ನಕ್ಕಳು.

ಮೊದಲ ನಿಲುಗಡೆ ಸೆಲ್ಯಾಲಾಂಡ್ಸ್‌ಫಾಸ್. ಸುಮಾರು ಅರುವತ್ತು ಮೀಟರು ಎತ್ತರದಿಂದ ಧುಮುಕುವ ನೀರು. 253 ಮೀಟರಿನ ಜೋಗವನ್ನು ಕಂಡ ಕಣ್ಣಿಗೆ ಇದೇನು ಮಹಾ ಎಂಬ ಅಭಿಮಾನ ಮೂಡದಿರಲಿಲ್ಲ. ಆದರೆ ಇದರ ವಿಶೇಷ ಎತ್ತರದಲ್ಲಿಲ್ಲ. ಬಂಡೆ ಒಳಕ್ಕೆ ಕೊರೆದುಹೋಗಿರುವುದರಿಂದ ಜಲಪಾತದ ಬೆನ್ನ ಹಿಂದೆ ಕಾಲುದಾರಿಯಲ್ಲಿ ಸುತ್ತಿಬರಬಹುದು. ನೀರಿನ ತೆರೆಯ ಒಳಗಡೆಯಿಂದ ಜಗತ್ತನ್ನು ನೋಡುತ್ತ, ನೆನೆದು ತೊಪ್ಪೆಯಾಗಿ ನಿಂತಾಗ, ಮಗಳು ಬಂಡೆಯನ್ನು ತೋರಿಸಿ ಇದು ಹೇಗಾಯಿತೆಂದು ಕೇಳಿದಳು. ಇದು ಹಿಂದೆ ಕಡಲಂಚಿನ ಬಂಡೆ. ಹಿಮಯುಗದಲ್ಲಿ ಅಪಾರ ಹಿಮದ ಭಾರಕ್ಕೆ ನೆಲ ಕುಗ್ಗಿದ್ದಿತು. ಹಿಮ ಕರಗಿದ ಮೇಲೆ ಭಾರವಿಳಿದು ಮೇಲೆದ್ದಿತು. ಹಿಮಪ್ರವಾಹಗಳು ಮರಳನ್ನು ತಂದು ಸುರಿದವು. ಕಡಲು ಹಿಂದೆ ಸರಿಯಿತು. ಈಗ ಅಲೆಯಿರುವುದು ಹಲವು ಕಿಲೋಮೀಟರು ದೂರದಲ್ಲಿ. ಈ ಜಲಪಾತಕ್ಕೆ ನೀರುಣಿಸುವ ಹಿಮಪರ್ವತವೇ ಎಯ್ಯಾಫ್ಯಾಟ್ಲಯೋಕುಲ್. 2010ರ ಏಪ್ರಿಲಿನಲ್ಲಿ ಅದು ಉಗುಳಿದ ಬೂದಿಯಿಂದ ಯುರೋಪಿನ ವಿಮಾನಗಳು ದಿನಗಟ್ಟಲೆ ನೆಲ ಹಿಡಿದುದು ವಾಚಕರ ನೆನಪಿನಲ್ಲಿರಬಹುದು.

ರೇಕ್ಯಾವಿಕ್‌ನಿಂದ ಸುಮಾರು ನೂರ ಎಂಬತ್ತೈದು ಕಿಲೋಮೀಟರು ದೂರದ ವೀಕ್ ಎಂಬ ಹಳ್ಳಿ ನಮ್ಮ ದಾರಿಯ ಕೊನೆ. ಗುಡ್ಡದ ಮೇಲೆ ಕೆಂಪು ಚಾವಣಿಯ ಒಂದು ಚಿಕ್ಕ ಇಗರ್ಜಿ. ಊರ ಹಿಂದಿನ ಮೀರ್ದಾಲ್ಸ್‌ಯೋಕುಲ್ ಹಿಮರಾಶಿಯ ಅಡಿಯಲ್ಲಿ ಕಾತ್ಲ ಎಂಬ ಅಗ್ನಿಪರ್ವತ ಮಲಗಿದೆ. ಅದು ದೊಡ್ಡದಾಗಿ ಸಿಡಿದುದು 1918ರಲ್ಲಿ. ಹಿಮ ಒಮ್ಮೆಲೇ ಕರಗಿ ಬಂದ ಮಹಾಪೂರ ಎಷ್ಟು ಮಣ್ಣುಮರಳನ್ನು ತಂದಿತೆಂದರೆ ಸಮುದ್ರತೀರವೇ ದಕ್ಷಿಣಕ್ಕೆ ಬೆಳೆಯಿತು. ಮತ್ತೆ ಸಿಡಿದರೆ ಪ್ರವಾಹಕ್ಕೆ ನಿಲುಕದ ಜಾಗವೆಂದು ಊರವರೆಲ್ಲ ಆ ಇಗರ್ಜಿಗೆ ಏರಬೇಕು. ಅದಕ್ಕಾಗಿ ಅಭ್ಯಾಸವೂ ನಡೆಯುತ್ತದೆ. ಅಗ್ನಿಪರ್ವತದ ಮಡಿಲಲ್ಲಿ ಆಲೂಗಡ್ಡೆಯ ಸಾರು ಕುಡಿಯುತ್ತ ಇದನ್ನು ಕೇಳಿದೆವು. ಬಡಿಸುತ್ತಿದ್ದ ಹುಡುಗನ ಮುಖದಲ್ಲಿ ಚಿಂತೆಯ ಗೆರೆಯೊಂದೂ ಇರಲಿಲ್ಲ.

ಅಲ್ಲಿಂದ ಸ್ವಲ್ಪ ಹಿಂದಕ್ಕೆ ಬಂದರೆ ರೇನಿಸ್‌ಫ್ಯಾರಾ ಎಂಬ ಕರಿಯ ಕಡಲತೀರ. ಲಾವಾ ಪುಡಿಯಾಗಿ ಆದ ಮರಳು ಇದ್ದಿಲಿನ ಬಣ್ಣದ್ದು. ಪಕ್ಕದ ಬಂಡೆಯಲ್ಲಿ ಶಿಲ್ಪಿ ಅಳತೆಯಿಟ್ಟು ಕಡೆದಂತೆ ಕಂಬಗಳ ಸಾಲು. ಲಾವಾ ನಿಧಾನವಾಗಿ ತಣಿದು ಕುಗ್ಗುವಾಗ ಬಿರುಕುಗಳು ಕೂಡಿ ಹೀಗೆ ಬಹುಭುಜ ಕಂಬಗಳಾಗುತ್ತವೆ. ಮಲ್ಪೆಯ ಕಡಲಿನಲ್ಲಿರುವ ಸೇಂಟ್ ಮೇರೀಸ್ ದ್ವೀಪವನ್ನು ಕಂಡವರಿಗೆ ಇದು ಹೊಸತಲ್ಲ; ಅಲ್ಲಿನ ಕಂಬಗಳಿಗೆ ಸುಮಾರು ಎಂಟೂಮುಕ್ಕಾಲು ಕೋಟಿ ವರ್ಷಗಳ ವಯಸ್ಸು, ಇಲ್ಲಿನವು ಅವುಗಳ ಮರಿಮಕ್ಕಳು. ಕಡಲೊಳಗೆ ನಿಂತ ಶಿಲಾಸ್ತಂಭಗಳು ಹಡಗನ್ನು ಎಳೆದು ತರುತ್ತಿದ್ದಾಗ ಬೆಳಗಾಗಿ ಕಲ್ಲಾದ ರಾಕ್ಷಸರೆಂದು ಜನ ಹೇಳುತ್ತಾರೆ.

ಇಲ್ಲಿ ಮಾರ್ಗದರ್ಶಿನಿಯ ದನಿ ಬದಲಾಯಿತು. "ಅಲೆಗೆ ಬೆನ್ನು ತೋರಿಸಬೇಡಿ" ಎಂದು ಮೂರು ಸಲ ಹೇಳಿದಳು. ಇಲ್ಲಿಂದ ದಕ್ಷಿಣ ಧ್ರುವದ ಕಡೆಗೆ ತಡೆಯುವ ನೆಲವಿಲ್ಲ. ಹತ್ತು ಸಾಧು ಅಲೆಗಳ ಹಿಂದೆ ಹನ್ನೊಂದನೆಯದು ಸದ್ದಿಲ್ಲದೆ ಬಹುದೂರ ನುಗ್ಗಿ ಕಾಲೆಳೆದುಬಿಡುತ್ತದೆ. ಪ್ರವಾಸಿಗಳು ಪ್ರಾಣ ಕಳೆದುಕೊಂಡಿದ್ದಾರೆ. 2022ರಲ್ಲಿ ಅಲೆಗಳ ಸ್ಥಿತಿಯನ್ನು ಸೂಚಿಸುವ ಬಣ್ಣದ ದೀಪಗಳನ್ನು ನಿಲ್ಲಿಸಿದರೂ ಸಾವು ನಿಲ್ಲಲಿಲ್ಲ. ನಾವು ಹೋಗಿ ಬಂದ ಮೇಲೆ, 2025ರ ಆಗಸ್ಟಿನಲ್ಲಿ, ಒಂಬತ್ತು ವರ್ಷದ ಬಾಲಕಿಯೊಬ್ಬಳನ್ನು ಆ ಕಡಲು ಒಯ್ದಿತು. ಸುದ್ದಿ ಓದಿದ ದಿನ ಆ ಕರಿಯ ಮರಳು ಮತ್ತೆ ನನ್ನ ಕಣ್ಣಮುಂದೆ ಬಂದಿತು.

ಮಧ್ಯಾಹ್ನ ಮೂರರ ಹೊತ್ತಿಗೆ, ಹಿಂದಿರುಗುವ ದಾರಿಯಲ್ಲಿ, ಸೋಲ್ಹೈಮಯೋಕುಲ್ ಬಂದಿತು. ಮೀರ್ದಾಲ್ಸ್‌ಯೋಕುಲ್ ಹಿಮರಾಶಿಯಿಂದ ಕಣಿವೆಗೆ ಚಾಚಿದ ನಾಲಗೆ ಇದು. ನಾನು ಮೂವತ್ತೊಂದು ವರ್ಷ ಬರೆದ ಚಿತ್ರವೇ ನನ್ನೆದುರಿಗಿದ್ದಿತು. ಆದರೆ ಬಿಳಿಯ ಸೀಮೆಸುಣ್ಣ ತಪ್ಪಾಗಿದ್ದಿತು. ಹಿಮ ಬೂದು ಬಣ್ಣದ್ದು; ಹಳೆಯ ಸ್ಫೋಟಗಳ ಬೂದಿ ಅದರೊಳಗೆ ಕರಿಯ ಗೆರೆಗಳಾಗಿ ಮಲಗಿದೆ. ಸೀಳುಗಳಲ್ಲಿ ಇಣುಕಿದರೆ ಮಾತ್ರ ಗಾಢ ನೀಲಿ.

ಬೂಟಿಗೆ ಉಕ್ಕಿನ ಮುಳ್ಳುಗಳ ಪಟ್ಟಿ ಕಟ್ಟಿಕೊಂಡು, ಕೈಯಲ್ಲಿ ಹಿಮಗುದ್ದಲಿ ಹಿಡಿದು, ಬಾತಿನ ಮರಿಗಳಂತೆ ಸಾಲಾಗಿ ಮೇಲೇರಿದೆವು. ಒಂದೆಡೆ ನಿಂತು ಕೈಚೀಲ ಕಳಚಿ ಹಿಮವನ್ನು ಬರಿಗೈಯಿಂದ ಮುಟ್ಟಿದೆ. ಕೆಳಗೆಲ್ಲೋ ನೀರು ಹರಿಯುವ ಸದ್ದು. ಆಗ ನನಗೇ ತಿಳಿಯದಂತೆ ಆ ಹುಡುಗಿಯ ಪ್ರಶ್ನೆಯನ್ನು ಮಾರ್ಗದರ್ಶಿನಿಯ ಮುಂದಿಟ್ಟಿದ್ದೆ: "ಕೆಳಕ್ಕೆ ಹರಿಯುವುದು ಹಿಂದಕ್ಕೆ ಹೋಗುವುದು ಹೇಗೆ?"

"ಹಿಮ ಎಂದೂ ಹಿಂದಕ್ಕೆ ಹೋಗುವುದಿಲ್ಲ" ಎಂದಳು ಆಕೆ. "ಈ ಕ್ಷಣದಲ್ಲೂ ನಾವು ನಿಂತ ಹಿಮ ಕೆಳಕ್ಕೆ ನಡೆಯುತ್ತಿದೆ. ಮೇಲಿನಿಂದ ಬರುವುದಕ್ಕಿಂತ ತುದಿಯಲ್ಲಿ ಕರಗುವುದು ಹೆಚ್ಚಾದರೆ ತುದಿಯೇ ಹಿಂದೆ ಸರಿಯುತ್ತದೆ."

ಎಷ್ಟು ಸರಳ! ನಮ್ಮ ದೇವರ ಕೋಣೆಯ ಹಣತೆಯನ್ನು ನೆನೆದರೆ ಸಾಕಾಗಿದ್ದಿತು. ಬತ್ತಿಯನ್ನು ನಾವು ಮುಂದಕ್ಕೇ ನೂಕುತ್ತಿರುತ್ತೇವೆ. ನೂಕುವುದಕ್ಕಿಂತ ಬೇಗ ಉರಿದರೆ ತುದಿ ಹಣತೆಯೊಳಕ್ಕೆ ಸರಿಯುತ್ತದೆ. ಬತ್ತಿ ಹಿಂದೆ ನಡೆಯಿತೆಂದು ಯಾರೂ ಹೇಳರು. ಐದು ನಿಮಿಷ ಬೇಕಾಗಿರಲಿಲ್ಲ. ಒಂದು ನಿಮಿಷ ಸಾಕಾಗಿದ್ದಿತು.

ಈ ಹಿಮನದಿಯ ತುದಿಯನ್ನು ತಜ್ಞರು 1930ರ ದಶಕದ ಆರಂಭದಿಂದ ಅಳೆಯುತ್ತ ಬಂದಿದ್ದಾರೆ. ಮೊದಲು ಅದು ಹಿಂದೆ ಸರಿಯಿತು. 1960ರ ದಶಕದ ಕೊನೆಯಿಂದ 1990ರ ದಶಕದ ನಡುವಿನವರೆಗೆ ಮುಂದೆ ಬಂದಿತು. ಆ ಬಳಿಕ ಹಿಂದೆ ಸರಿಯುವುದು ನಿಂತಿಲ್ಲ. ಕಾರಣ, ನಮ್ಮ ಕಾರ್ಖಾನೆ ವಾಹನಗಳ ಹೊಗೆಯಿಂದ ಕಾವೇರುತ್ತಿರುವ ಗಾಳಿ. ನನ್ನನ್ನು ಅಲ್ಲಿಗೆ ಹೊತ್ತು ತಂದ ವಿಮಾನದ ಹೊಗೆಯೂ ಆ ಲೆಕ್ಕದಲ್ಲಿ ಸೇರಿದೆ. ಅದನ್ನು ಮರೆಮಾಚಿ ಬರೆಯುವುದು ಸರಿಯಲ್ಲ.

ಆದರೆ ನನ್ನನ್ನು ಹಿಡಿದು ನಿಲ್ಲಿಸಿದುದು ಇನ್ನೊಂದು ಅಳತೆ. ಬೆಳಿಗ್ಗೆ ಹಾದುಬಂದ ಹ್ವೋಲ್ಸ್‌ವೊಟ್ಲುರ್ ಊರಿನ ಶಾಲೆಯ ಏಳನೆಯ ತರಗತಿಯ ಮಕ್ಕಳು 2010ರಿಂದ ಶರತ್ಕಾಲದಲ್ಲಿ ಇಲ್ಲಿಗೆ ಬಂದು ಹಿಮದ ತುದಿ ಎಲ್ಲಿಗೆ ಸರಿದಿದೆಯೆಂದು ಅಳೆಯುತ್ತ ಬಂದಿದ್ದಾರೆ. ಮೊದಲ ಹತ್ತು ವರ್ಷಗಳಲ್ಲಿ ಅದು ಮುನ್ನೂರು ಮೀಟರಿಗೂ ಹೆಚ್ಚು ಸರಿದಿತ್ತು. ಹಿಮವಿದ್ದ ಜಾಗದಲ್ಲಿ ಸರೋವರವೊಂದು ಹುಟ್ಟಿ ಬೆಳೆದುದರಿಂದ ಅಳೆಯಲು ದೋಣಿಯೇ ಬೇಕಾಯಿತು. ಹನ್ನೆರಡು ವರ್ಷದ ಮಕ್ಕಳು! ಅವರ ಉಪಾಧ್ಯಾಯರು "ಪರೀಕ್ಷೆಗೆ ಬರುವುದಿಲ್ಲ" ಎನ್ನಲಿಲ್ಲ. ಮಕ್ಕಳನ್ನು ಕರೆತಂದು ಪ್ರಶ್ನೆಯ ಎದುರಿಗೇ ನಿಲ್ಲಿಸಿದರು.

ಇಳಿಯುವಾಗ ಮಾರ್ಗದರ್ಶಿನಿ ಓಕ್ ಎಂಬ ಮತ್ತೊಂದು ಹಿಮನದಿಯ ಕಥೆ ಹೇಳಿದಳು. ತನ್ನ ಭಾರಕ್ಕೆ ತಾನೇ ಚಲಿಸಲಾರದಷ್ಟು ತೆಳುವಾಯಿತೆಂದು 2014ರಲ್ಲಿ ಹಿಮತಜ್ಞ ಓದ್ದುರ್ ಸಿಗುರ್ದ್ಸನ್ ಅದು ಇನ್ನು ಹಿಮನದಿಯಲ್ಲವೆಂದು ಸಾರಿದರು. 2019ರ ಆಗಸ್ಟಿನಲ್ಲಿ ಜನ ಬೆಟ್ಟವೇರಿ ಒಂದು ಫಲಕವನ್ನಿಟ್ಟರು. ಅದರ ಮೇಲಿನ, ಮುಂದಿನ ಪೀಳಿಗೆಗೆ ಬರೆದ ಪತ್ರ ಸಾಹಿತಿ ಆಂದ್ರಿ ಸ್ನೈರ್ ಮಾಗ್ನಾಸನ್ ಅವರದು. ಹಿಮ ಅಲ್ಲಿ ಇನ್ನೂ ಇದ್ದಿತು. ಆದರೆ ನಡೆಯದ ಹಿಮ ನದಿಯಲ್ಲ.

ಸಂಜೆಯ ಕೊನೆಯ ನಿಲುಗಡೆ ಸ್ಕೋಗಾಫಾಸ್: ಅರುವತ್ತು ಮೀಟರು ಎತ್ತರ, ಇಪ್ಪತ್ತೈದು ಮೀಟರು ಅಗಲ, ಒಂದೇ ಧಾರೆ. ಅದರ ಹಿಂದೆ ಥ್ರಾಸಿ ಎಂಬ ಪ್ರಾಚೀನನು ಹೊನ್ನಿನ ಪೆಟ್ಟಿಗೆ ಬಚ್ಚಿಟ್ಟಿದ್ದನಂತೆ. ಯಾರೋ ಹಿಡಿಕೆಯ ಬಳೆಗೆ ಕೈಹಾಕಿ ಎಳೆದರು. ಬಳೆ ಕೈಗೆ ಬಂದಿತು, ಪೆಟ್ಟಿಗೆ ಮರೆಯಾಯಿತು. ಆ ಬಳೆಯೆನ್ನುವುದು ಹತ್ತಿರದ ವಸ್ತುಸಂಗ್ರಹಾಲಯದಲ್ಲಿದೆ.

ಹ್ವೋಲ್ಸ್‌ವೊಟ್ಲುರ್ ದಾಟುವಾಗ ಮಬ್ಬುಗತ್ತಲೆ. ಗುನ್ನಾರನ ಇಳಿಜಾರು ಕಪ್ಪಗೆ ಕಾಣುತ್ತಿದ್ದಿತು. ಬಸ್ಸಿನಲ್ಲಿ ಎಲ್ಲರೂ ನಿದ್ರೆ ಹೋಗಿದ್ದರು. ತನ್ನ ನೆಲವನ್ನು ತಿರುಗಿ ನೋಡಿದವನು ಪ್ರಾಣ ತೆತ್ತ ಊರಿನಲ್ಲಿಯೇ ಈಗ ಮಕ್ಕಳು ತಮ್ಮ ನೆಲವನ್ನು ವರ್ಷವರ್ಷವೂ ಹೋಗಿ ನೋಡುತ್ತಿದ್ದಾರೆ. ನೋಡಿ, ಅಳೆದು, ಬರೆದಿಡುತ್ತಿದ್ದಾರೆ. ಅದರಿಂದ ಹಿಮ ಉಳಿಯಲಾರದು. ಆದರೆ ಎಷ್ಟು ಹೋಯಿತೆಂದು ಬಲ್ಲವರು ಆ ಊರಿನಲ್ಲಿ ಇರುತ್ತಾರೆ.

ಪ್ರಶ್ನೆ ಕೇಳಿದ ಹುಡುಗಿಗೆ ಈಗ ನಲವತ್ತು ದಾಟಿರಬೇಕು. ಎಲ್ಲಿದ್ದಾಳೋ ತಿಳಿಯದು. ಈ ಪುಟ ಆಕೆಯ ಕಣ್ಣಿಗೆ ಬಿದ್ದರೆ, ಅಮ್ಮಾ, ನಿನ್ನ ಪ್ರಶ್ನೆ ಸರಿಯಾಗಿದ್ದಿತು; ಹಣತೆಯ ಬತ್ತಿಯನ್ನು ನೋಡು. ಅಂದು ನಿನ್ನನ್ನು ಕೂರಿಸಬಾರದಾಗಿತ್ತು.