ಬಿಸಿಲ್ಗುದುರೆ, ಬೋರ್‌ವೆಲ್ ನೀರು ಮತ್ತು ಮುಳಬಾಗಿಲಿನ ಸಾಕ್ಷಿ

ಬೇಸಿಗೆಯ ಮಧ್ಯಾಹ್ನ ಕೋಲಾರದಿಂದ ಮುಳಬಾಗಿಲಿಗೆ ಬಸ್ಸಲ್ಲಿ ಹೋಗಿದ್ದೀರಾ? ಮುಂದಿನ ಸೀಟಲ್ಲಿ ಕೂತರೆ ಹೈವೇ ಮೇಲೆ ದೂರದಲ್ಲಿ ನೀರು ನಿಂತ ಹಾಗೆ ಕಾಣುತ್ತೆ. ಹತ್ತಿರ ಹೋದರೆ ಇಲ್ಲ, ಮತ್ತೆ ಅಷ್ಟೇ ದೂರದಲ್ಲಿ ಕಾಣುತ್ತೆ. ಕನ್ನಡದಲ್ಲಿ ಇದಕ್ಕೆ ಬಿಸಿಲ್ಗುದುರೆ ಅಂತಾರೆ. ನಮ್ಮ ಕ್ಲಬ್ಬಿನ ನಾಲ್ಕು ಜನ (ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರ, ಊರಿಗೊಬ್ಬರು) ಮುಳಬಾಗಿಲಿನ ನರಸಿಂಹ ತೀರ್ಥಕ್ಕೆ ಹೊರಟಿದ್ದಾಗ ಇದೇ ಕಂಡಿತು. ಜಗಳ ಶುರುವಾಯಿತು: ಕಣ್ಣು ಸುಳ್ಳು ಹೇಳುತ್ತಾ?

ಫಿಸಿಕ್ಸ್ ಉತ್ತರ ನಮಗೆಲ್ಲ ಗೊತ್ತು. ಕಾದ ರಸ್ತೆಯ ಮೇಲಿನ ಗಾಳಿ ಬಿಸಿಯಾಗಿ ತೆಳುವಾಗುತ್ತೆ, ಅದರ ವಕ್ರೀಭವನ ಸೂಚ್ಯಂಕ ಕಡಿಮೆಯಾಗುತ್ತೆ. ಆಕಾಶದಿಂದ ಕೆಳಗೆ ಬರುವ ಬೆಳಕು ಅಲ್ಲಿ ಮೇಲಕ್ಕೆ ಬಾಗಿ ನಮ್ಮ ಕಣ್ಣಿಗೆ ಬರುತ್ತೆ. ಅಂದ್ರೆ ನಾವು ನೋಡಿದ್ದು ಆಕಾಶದ ಬೆಳಕು. ಬೆಳಕು ನಿಜ, ರಸ್ತೆ ನಿಜ. ‘ನೀರು’ ಅನ್ನೋದು ಮಾತ್ರ ತಪ್ಪು.

ಮಜಾ ಏನಂದ್ರೆ, ನಾವು ಹೋಗುತ್ತಿದ್ದ ಊರಿನಲ್ಲಿ ಸುಮಾರು 500 ವರ್ಷಗಳ ಹಿಂದೆ ಇದೇ ಪ್ರಶ್ನೆಯನ್ನು ಸೀರಿಯಸ್ಸಾಗಿ ಪಾಠ ಮಾಡುತ್ತಿದ್ದರು. 15ನೇ ಶತಮಾನದಲ್ಲಿ ಮುಳಬಾಗಿಲಿನಲ್ಲಿದ್ದ ಶ್ರೀಪಾದರಾಜರನ್ನು ನಾವು ‘ರಂಗವಿಠಲ’ ಅಂಕಿತದ ದೇವರನಾಮಗಳಿಂದ ಬಲ್ಲೆವು. ಅವರು ದೊಡ್ಡ ತರ್ಕ ಪಂಡಿತರೂ ಹೌದು. ಜಯತೀರ್ಥರ ‘ನ್ಯಾಯಸುಧಾ’ಕ್ಕೆ ‘ವಾಗ್ವಜ್ರ’ ಎಂಬ ವ್ಯಾಖ್ಯಾನ ಬರೆದವರು. ಮುಂದೆ ವಿಜಯನಗರದಲ್ಲಿ ಹೆಸರಾದ ವ್ಯಾಸತೀರ್ಥರು ಓದಿದ್ದು ಇವರ ಹತ್ತಿರವೇ. ಶ್ರೀಪಾದರಾಜರ ಬೃಂದಾವನ ಇರುವುದು ನರಸಿಂಹ ತೀರ್ಥದಲ್ಲಿ.

ಇವರದು ಮಧ್ವಾಚಾರ್ಯರ ದ್ವೈತ ಪರಂಪರೆ. ಜಾತಿ, ಮಠ, ಪೂಜೆ ಎಲ್ಲ ಸ್ವಲ್ಪ ಹೊತ್ತು ಪಕ್ಕಕ್ಕಿಟ್ಟು, ‘ನೋಡುವುದು’ ಅಂದರೇನು ಅಂತ ಇವರು ಏನು ಹೇಳ್ತಾರೆ ಅಂತಷ್ಟೇ ನೋಡೋಣ.

ಮೊದಲ ಮಾತು: ಜ್ಞಾನ ಹುಟ್ಟುವಾಗಲೇ ಸರಿಯಾಗಿ ಹುಟ್ಟುತ್ತೆ. ಇದಕ್ಕೆ ‘ಸ್ವತಃ ಪ್ರಾಮಾಣ್ಯ’ ಎಂದು ಹೆಸರು. ತಪ್ಪಾದರೆ ಅದಕ್ಕೆ ಒಂದು ಕಾರಣ, ಒಂದು ದೋಷ ಇರಲೇಬೇಕು. ನಮ್ಮ ಭಾಷೆಯಲ್ಲಿ ಹೇಳೋದಾದ್ರೆ, ಡೀಫಾಲ್ಟ್ ಸೆಟ್ಟಿಂಗ್ ‘ನಿಜ’. ಎರರ್ ಬಂದರೆ ಡೀಬಗ್ ಮಾಡಬೇಕು.

ದೋಷಗಳು ಎಲ್ಲೆಲ್ಲಿ ಇರಬಹುದು ಅಂತ ಜಯತೀರ್ಥರ ‘ಪ್ರಮಾಣಪದ್ಧತಿ’ಯಲ್ಲಿ ಪಟ್ಟಿಯೇ ಇದೆ. ನೋಡುವ ವಸ್ತು ತುಂಬಾ ದೂರ ಇರಬಹುದು, ತುಂಬಾ ಹತ್ತಿರ ಇರಬಹುದು, ತೀರಾ ಸಣ್ಣದಿರಬಹುದು, ಮಧ್ಯೆ ಏನೋ ಅಡ್ಡ ಇರಬಹುದು, ಬೇರೆ ವಸ್ತುವಿನ ಹಾಗೆಯೇ ಕಾಣಬಹುದು. ಕಣ್ಣಿಗೇ ಕಾಯಿಲೆ ಇರಬಹುದು. ಕಪ್ಪೆಚಿಪ್ಪು ಬೆಳ್ಳಿಯ ಹಾಗೆ ಕಾಣುವುದು ಇವರ ಹಳೇ ಉದಾಹರಣೆ. ಅದ್ವೈತಿಗಳು ಅಲ್ಲಿ ಕಂಡ ಬೆಳ್ಳಿಯನ್ನು ಇದೆ ಅಂತಲೂ ಹೇಳೋಕಾಗಲ್ಲ, ಇಲ್ಲ ಅಂತಲೂ ಹೇಳೋಕಾಗಲ್ಲ ಅಂತಾರೆ. ದ್ವೈತಿಗಳ ಉತ್ತರ ಸೀದಾ: ಬೆಳ್ಳಿ ಅಲ್ಲಿ ಇರಲೇ ಇಲ್ಲ, ಚಿಪ್ಪು ಮಾತ್ರ ಇತ್ತು, ಹೋಲಿಕೆಯಿಂದ ಮೋಸಹೋದೆವು. ಒಂದು ಸಲ ಮೋಸಹೋದೆ ಅಂತ ಇಡೀ ಜಗತ್ತನ್ನೇ ಅನುಮಾನಿಸಬೇಕಾಗಿಲ್ಲ.

ಇದನ್ನೆಲ್ಲ ಕೇಳಿದ ನಮ್ಮ ಶ್ರೀನಿವಾಸಪುರದವನು, “ಹಾಗಾದ್ರೆ ನಮ್ಮ ತಾತನಿಗೆ ಯಾವ ದೋಷ?” ಅಂದ.

ಅವರ ಮನೆಯಲ್ಲಿ ದಿನಾ ಜಗಳ. ಮನೆಯವರೆಲ್ಲ 20 ಲೀಟರ್ ಕ್ಯಾನಿನಲ್ಲಿ ಫಿಲ್ಟರ್ ನೀರು ತರ್ತಾರೆ. ತಾತ ಮುಟ್ಟಲ್ಲ. “ಚಿಕ್ಕಂದಿನಿಂದ ಇದೇ ನೀರು ಕುಡೀತಿದ್ದೀನಿ ಕಣೋ, ಎಳನೀರು ಇದ್ದ ಹಾಗಿದೆ” ಅಂತ ಬೋರ್‌ವೆಲ್ ನೀರೇ ಕುಡೀತಾರೆ. ನಮ್ಮ ಜಿಲ್ಲೆಯ ಅಂತರ್ಜಲದಲ್ಲಿ ಹಲವು ಕಡೆ ಫ್ಲೋರೈಡ್ ಹೆಚ್ಚು. ಆಳದ ಕಲ್ಲಿನ ಜೊತೆ ವರ್ಷಗಟ್ಟಲೆ ಇದ್ದ ನೀರಿಗೆ ಕಲ್ಲಿನಲ್ಲಿರುವ ಫ್ಲೋರೈಡ್ ಸೇರುತ್ತೆ. ಬಣ್ಣ ಇಲ್ಲ, ವಾಸನೆ ಇಲ್ಲ, ಕುದಿಸಿದರೂ ಹೋಗಲ್ಲ. ಭಾರತೀಯ ಮಾನಕದ ಪ್ರಕಾರ ಲೀಟರಿಗೆ 1 ಮಿಲಿಗ್ರಾಂ ಒಳಗಿರಬೇಕು, ಬೇರೆ ಮೂಲ ಇಲ್ಲದಿದ್ದರೆ 1.5ರವರೆಗೆ ಪರವಾಗಿಲ್ಲ. ಅದಕ್ಕಿಂತ ಹೆಚ್ಚು ಬಹಳ ವರ್ಷ ಕುಡಿದರೆ ಹಲ್ಲು, ಮೂಳೆ ಎರಡೂ ಹಾಳು.

ಅವನು ಒಂದು ಬಾಟಲಿ ನೀರು ತಂದ. ಲ್ಯಾಬಿನಲ್ಲಿ ಪರ್ಮಿಷನ್ ತಗೊಂಡು ಟೆಸ್ಟ್ ಮಾಡಿದೆವು. ಜಿರ್ಕೋನಿಯಂ ಸೇರಿಸಿದ ಕೆಂಪು ಬಣ್ಣದ ದ್ರಾವಣಕ್ಕೆ ನೀರು ಹಾಕಿದರೆ, ಫ್ಲೋರೈಡ್ ಆ ಜಿರ್ಕೋನಿಯಂ ಅನ್ನು ಎಳೆದುಕೊಳ್ಳುತ್ತೆ, ಬಣ್ಣ ಮಾಸುತ್ತೆ. 570 ನ್ಯಾನೋಮೀಟರ್ ಬೆಳಕು ಎಷ್ಟು ಹೀರಲ್ಪಟ್ಟಿತು ಅಂತ ಅಳೆದರೆ ಫ್ಲೋರೈಡ್ ಎಷ್ಟಿದೆ ಅಂತ ಗೊತ್ತಾಗುತ್ತೆ. ಕಣ್ಣಿಗೆ ಕಾಣದ್ದನ್ನು ಬೆಳಕಿನಿಂದಲೇ ಹಿಡಿಯೋದು!

ಮೊದಲ ರೀಡಿಂಗ್ ‘ಸೇಫ್’ ಅಂತ ಬಂತು. ಅವನಿಗೆ ಖುಷಿ, ತಾತ ಗೆದ್ದರು. ಎರಡನೇ ರೀಡಿಂಗ್ ತಾಳೆಯಾಗಲಿಲ್ಲ. ನೋಡಿದರೆ ಮೊದಲ ಕ್ಯುವೆಟ್ ಮೇಲೆ ನಮ್ಮದೇ ಬೆರಳಿನ ಗುರುತು! ಅದು ಬೆಳಕನ್ನು ತಡೆದು, ಬಣ್ಣ ಮಾಸಿಲ್ಲ ಎಂಬಂತೆ ತೋರಿಸಿತ್ತು. ಒರೆಸಿ ಮತ್ತೆ ಮತ್ತೆ ನೋಡಿದೆವು. ನೀರು ಮಿತಿಗಿಂತ ಮೇಲೇ ಇತ್ತು.

ಆಗ ನಮ್ಮಲ್ಲೊಬ್ಬಳು ಕೇಳಿದಳು: ಕಣ್ಣನ್ನು ಮೀಟರ್ ಚೆಕ್ ಮಾಡುತ್ತೆ, ಮೀಟರನ್ನು ಸ್ಟ್ಯಾಂಡರ್ಡ್ ದ್ರಾವಣ ಚೆಕ್ ಮಾಡುತ್ತೆ, ಅದನ್ನು ಯಾರು ಚೆಕ್ ಮಾಡೋದು? ಇದಕ್ಕೆ ಕೊನೆ ಎಲ್ಲಿ? ಶಾಸ್ತ್ರದಲ್ಲಿ ಈ ತೊಂದರೆಗೆ ‘ಅನವಸ್ಥೆ’ ಅಂತಾರೆ. ನ್ಯಾಯ ದರ್ಶನದವರು, ಹೋಗಿ ಕುಡಿದು ನೋಡು, ಬಾಯಾರಿಕೆ ಹೋದರೆ ನೀರು ನಿಜ ಅಂತಾರೆ. ಬಾಯಾರಿಕೆ ಹೋಯಿತು ಎಂಬ ಜ್ಞಾನ ನಿಜ ಅಂತ ಹೇಗೆ ಗೊತ್ತು ಅನ್ನೋದು ದ್ವೈತಿಗಳ ಮರುಪ್ರಶ್ನೆ. ಎಲ್ಲೋ ಒಂದು ಕಡೆ ನಿಲ್ಲಲೇಬೇಕು. ಅವರು ನಿಲ್ಲುವ ಜಾಗದ ಹೆಸರು ‘ಸಾಕ್ಷಿ’. ತಲೆನೋವು ಬಂದಿದೆ ಅಂತ ತಿಳಿಯೋಕೆ ನಮಗೆ ಮೀಟರ್ ಬೇಕಾ? ಹಾಗೆ ನೇರವಾಗಿ ತಿಳಿಯುವ, ಆತ್ಮದ್ದೇ ಆದ ಇಂದ್ರಿಯ ಅದು. ಮನಸ್ಸು ಅನುಮಾನಪಡಬಹುದು, ತಪ್ಪಬಹುದು. ಅನುಮಾನ ಬಂದಾಗ ಪರೀಕ್ಷೆ ನಡೆಯಬೇಕು. ಪರೀಕ್ಷೆ ಮುಗಿದ ಮೇಲೆ “ಸರಿ, ಇದು ನಿಜ” ಅಂತ ಒಳಗೆ ಒಪ್ಪುವುದು ಸಾಕ್ಷಿ.

ಸಾಕ್ಷಿಯನ್ನು ನೀವು ಒಪ್ಪಬೇಕು ಅಂತ ನಾವು ಹೇಳ್ತಿಲ್ಲ. ನಮ್ಮ ನಾಲ್ವರಲ್ಲಿ ಇಬ್ಬರು ಒಪ್ಪಿಲ್ಲ. ಆದರೆ ದೋಷ ಹುಡುಕು, ಪರೀಕ್ಷೆ ಮಾಡು, ಆಮೇಲೆ ಧೈರ್ಯವಾಗಿ ನಂಬು ಅನ್ನೋ ಕ್ರಮ ನಮ್ಮ ಲ್ಯಾಬ್ ರೆಕಾರ್ಡಿಗೂ ಹೊಂದುತ್ತೆ.

ತಾತನ ದೋಷವೂ ಕೊನೆಗೆ ಸಿಕ್ಕಿತು. ಅವರು ಚಿಕ್ಕಂದಿನಲ್ಲಿ ಕುಡಿದದ್ದು ತೆರೆದ ಬಾವಿಯ ನೀರು. ಈಗ ಕುಡಿಯುತ್ತಿರುವುದು ಸಾವಿರ ಅಡಿಗೂ ಕೆಳಗಿನದು. ಎರಡೂ ನೋಡೋಕೆ ಒಂದೇ ಥರ. ಚಿಪ್ಪು-ಬೆಳ್ಳಿಯ ಕಥೆಯೇ. “ನಿಮ್ಮ ನಾಲಿಗೆ ಸುಳ್ಳು ಹೇಳಿಲ್ಲ ತಾತ, ನೀರೇ ಬೇರೆ” ಅಂತ ಮೊಮ್ಮಗ ಹೇಳಿದಾಗ ಅವರು ಬೈಯಲಿಲ್ಲವಂತೆ. ಈಗ ಫಿಲ್ಟರ್ ನೀರನ್ನು ಕಾಫಿಗೆ ಮಾತ್ರ ಒಪ್ಪಿದ್ದಾರೆ.

ಮುಂದಿನ ಸಲ ಊರಿಗೆ ಹೋದಾಗ ನೀವೂ ಒಂದು ಬಾಟಲಿ ನೀರು ತನ್ನಿ. ಕ್ಯುವೆಟ್ ಒರೆಸಿ ಇಟ್ಟಿರ್ತೀವಿ.