ದೂರದೂರಲ್ಲಿ ಉಳಿದ ‘ರಮೋನಾ’

“ಮಾತೇ ಇಲ್ಲದ ಸಿನಿಮಾ ನೋಡಿ ಯಾರಾದ್ರೂ ಅಳ್ತಾರಾ ತಾತ?” ಎಂದು ಮೊಮ್ಮಗಳು ಕೇಳಿದಳು. ಅವಳಿಗೆ ನಾನು ‘ರಮೋನಾ’ದ ಕಥೆ ಹೇಳಿದೆ.

ಅದು ಅಮೆರಿಕದ ಲೇಖಕಿ ಹೆಲೆನ್ ಹಂಟ್ ಜಾಕ್ಸನ್ ಅವರ ಕಾದಂಬರಿ. ಪ್ರಕಟವಾದದ್ದು 1884ರಲ್ಲಿ. ರಮೋನಾ ಕ್ಯಾಲಿಫೋರ್ನಿಯದ ಸಿರಿವಂತರ ಮನೆಯಲ್ಲಿ ಬೆಳೆದ ಅನಾಥ ಹುಡುಗಿ. ತಂದೆ ಸ್ಕಾಟ್ಲೆಂಡಿನವನು, ತಾಯಿ ಅಮೆರಿಕದ ಮೂಲನಿವಾಸಿ. ಕುರಿಗಳ ಉಣ್ಣೆ ಕತ್ತರಿಸಲು ಬಂದ ಮೂಲನಿವಾಸಿ ಯುವಕ ಅಲೆಸಾಂಡ್ರೊನನ್ನು ಮೆಚ್ಚಿ, ಸಾಕಿದಾಕೆಯ ಮಾತು ಮೀರಿ ಅವನೊಂದಿಗೆ ಹೊರಟುಬಿಡುತ್ತಾಳೆ. ಆದರೆ ಅವರು ನೆಲೆ ನಿಂತ ಕಡೆಗೆಲ್ಲ ಬಿಳಿಯರು ಬಂದು ಜಮೀನು ಕಿತ್ತುಕೊಳ್ಳುತ್ತಾರೆ. ಕಾಯಿಲೆ ಬಿದ್ದ ಮಗುವನ್ನು ನೋಡಲು ಡಾಕ್ಟರು ಬರುವುದಿಲ್ಲ, ಮಗು ತೀರಿಕೊಳ್ಳುತ್ತದೆ. ದುಃಖದಿಂದ ಬುದ್ಧಿ ಕೆಟ್ಟ ಅಲೆಸಾಂಡ್ರೊ ಒಂದು ದಿನ ಬೇರೆಯವರ ಕುದುರೆಯನ್ನು ಮನೆಗೆ ತರುತ್ತಾನೆ. ಅದರ ಒಡೆಯ ಅವನನ್ನು ಗುಂಡಿಟ್ಟು ಕೊಲ್ಲುತ್ತಾನೆ.

ಮೂಲನಿವಾಸಿಗಳಿಗಾದ ಅನ್ಯಾಯ ಜನರ ಮನಸ್ಸಿಗೆ ನಾಟಲಿ ಎಂದೇ ಜಾಕ್ಸನ್ ಇದನ್ನು ಬರೆದರು. ಓದುಗರು ಪ್ರೇಮಕಥೆಗೆ ಕಣ್ಣೀರಿಟ್ಟರು. ರಮೋನಾ ಇದ್ದ ಮನೆ ಯಾವುದೆಂದು ಹುಡುಕಿಕೊಂಡು ಪ್ರವಾಸಿಗರೂ ಬಂದರು. ಕಿತ್ತುಕೊಂಡ ಜಮೀನಿನ ಮಾತು ಮಾತ್ರ ಹಿಂದೆ ಬಿತ್ತು.

1928ರಲ್ಲಿ ಇದನ್ನು ಮೂಕಿ ಚಿತ್ರವಾಗಿ ತೆಗೆದವರು ಎಡ್ವಿನ್ ಕ್ಯಾರೂ. ಅವರ ತಾಯಿಯ ಕಡೆಯವರು ಚಿಕಸಾ ಎಂಬ ಮೂಲನಿವಾಸಿ ಕುಲದವರು. ಮೆಕ್ಸಿಕೊದ ನಟಿ ಡೊಲೊರೆಸ್ ಡೆಲ್ ರಿಯೊ ರಮೋನಾ ಆದರು. ಆಗಿನ ಫಿಲ್ಮು ಬೇಗ ಬೆಂಕಿ ಹಿಡಿಯುತ್ತಿತ್ತು, ಇಟ್ಟಲ್ಲೇ ಹಾಳಾಗುತ್ತಿತ್ತು. ಹೀಗೆ ಎಷ್ಟೋ ಮೂಕಿ ಚಿತ್ರಗಳು ಅಳಿದುಹೋದವು. ‘ರಮೋನಾ’ ಕೂಡ ಕಳೆದೇಹೋಯಿತು ಎಂದು ಬಹುಕಾಲ ನಂಬಿದ್ದರು.

ಮೂಕಿ ಚಿತ್ರಕ್ಕೆ ಒಂದು ಅನುಕೂಲವಿತ್ತು. ನಡುನಡುವೆ ತೋರಿಸುವ ಬರಹವನ್ನು ಬದಲಾಯಿಸಿದರೆ ಸಾಕು, ಯಾವ ದೇಶದಲ್ಲಾದರೂ ನಡೆಯುತ್ತಿತ್ತು. ಹಾಗೆ ಚೆಕ್ ಭಾಷೆಯ ಬರಹವಿದ್ದ ಒಂದು ಪ್ರತಿ ಪ್ರಾಗ್ ನಗರದ ಚಲನಚಿತ್ರ ಭಂಡಾರದಲ್ಲಿ ಉಳಿದಿತ್ತು! ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್ ಅದನ್ನು ಸರಿಪಡಿಸಿತು. 2014ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಜನ ಮತ್ತೆ ‘ರಮೋನಾ’ ನೋಡಿದರು. ಬ್ಯಾಂಕಿನಲ್ಲಿ ವರ್ಷಗಟ್ಟಲೆ ಲೆಡ್ಜರು ಬರೆದವನು ನಾನು. ಇನ್ನೊಂದು ಕಡೆ ಇಟ್ಟ ನಕಲು ಪ್ರತಿಯ ಬೆಲೆ ನನಗೆ ಗೊತ್ತು.

ಎಲ್ಲ ಕೇಳಿದ ಮೊಮ್ಮಗಳು ಪ್ರೇಮದ ಬಗ್ಗೆಯಾಗಲಿ, ಫಿಲ್ಮಿನ ಬಗ್ಗೆಯಾಗಲಿ ಏನೂ ಕೇಳಲಿಲ್ಲ. “ಆ ಡಾಕ್ಟರು ಯಾಕೆ ಬರಲಿಲ್ಲ ತಾತ?” ಎಂದಳು.

ಜಾಕ್ಸನ್ ಅವರಿಗೆ ಬೇಕಾಗಿದ್ದದ್ದು ಈ ಪ್ರಶ್ನೆಯೇ.